ಹೋಗು ಎಂದಷ್ಟೇ ಹೇಳುವ ದೇವರು

1905ರಲ್ಲಿ ಲಂಡನ್ನಿನ ಎಲ್ಕಿನ್ ಮ್ಯಾಥ್ಯೂಸ್ ಎಂಬ ಪ್ರಕಾಶಕ ‘ದಿ ಗಾಡ್ಸ್ ಆಫ್ ಪೆಗಾನಾ’ ಎಂಬ ಸಣ್ಣ ಪುಸ್ತಕವೊಂದನ್ನು ಹೊರತಂದ. ಬರೆದವನು ಐರ್ಲೆಂಡಿನ ಯುವ ಜಮೀನ್ದಾರ, 18ನೆಯ ಬ್ಯಾರನ್ ಲಾರ್ಡ್ ಡನ್ಸೇನಿ. ಆಗ ಅವನಿಗೆ 27 ವರ್ಷ. ಅದು ಅವನ ಮೊದಲ ಪುಸ್ತಕ. ಅಚ್ಚಿನ ಖರ್ಚನ್ನೂ ಅವನೇ ಹಾಕಿದ್ದ. ಅದರಲ್ಲಿ ಕಥಾನಾಯಕನಿಲ್ಲ, ಕಥೆಯೂ ಇಲ್ಲವೆನ್ನಬಹುದು. ಇರುವುದು ಒಂದು ದೇವಗಣ. ಒಬ್ಬೊಬ್ಬ ದೇವರ ಹೆಸರು, ಅವನ ಕೆಲಸ, ಅವನು ಆಡಿದ ಮಾತು, ಅವನ ಪ್ರವಾದಿಗಳು ಅನುಭವಿಸಿದ ಪಾಡು, ಇವನ್ನೆಲ್ಲ ಹಳೆಯ ಧರ್ಮಗ್ರಂಥದ ಧಾಟಿಯಲ್ಲಿ ಹೇಳಲಾಗಿದೆ. ಈ ದೇವರುಗಳನ್ನು ಯಾವ ಜನಾಂಗವೂ ಯಾವ ಕಾಲದಲ್ಲೂ ಪೂಜಿಸಿರಲಿಲ್ಲ. ಎಲ್ಲರೂ ಒಬ್ಬನ ತಲೆಯಲ್ಲಿ ಹುಟ್ಟಿದವರು. ಮುಂದೆ ಫ್ಯಾಂಟಸಿ ಸಾಹಿತ್ಯದಲ್ಲಿ ಕಲ್ಪಿತ ಲೋಕಗಳಿಗೆ ಕಲ್ಪಿತ ದೇವರುಗಳನ್ನು ಕಟ್ಟಿಕೊಡುವುದು ವಾಡಿಕೆಯಾಯಿತು. ಆ ವಾಡಿಕೆಯ ಚರಿತ್ರೆ ಬರೆಯುವವರು ಸಾಮಾನ್ಯವಾಗಿ ಈ ಪುಸ್ತಕದ ಹತ್ತಿರ ಬಂದೇ ಬರುತ್ತಾರೆ.

ಈ ದೇವಗಣದಲ್ಲಿ ರೂನ್ ಎಂಬವನಿದ್ದಾನೆ. ಅವನು ಹೋಗುವಿಕೆಯ ದೇವರು, ದಾರಿಹೋಕರ ದೇವರು. ಜೊತೆಗೆ ಡೊರೊಜಾಂಡ್ ಎಂಬವನಿದ್ದಾನೆ, ವಿಧಿಯ ದೇವರು. ಇವರಿಬ್ಬರನ್ನು ಒಟ್ಟಿಗೆ ಇಟ್ಟು ಓದಿದಾಗ ಒಂದು ಪ್ರಶ್ನೆ ಏಳುತ್ತದೆ. ಜನ ನಿಜವಾಗಿ ಪೂಜಿಸಿದ ದಾರಿ ದೇವತೆಗಳಿಗೂ ಒಬ್ಬ ಲೇಖಕ ಕುಳಿತು ಕಲ್ಪಿಸಿದ ದಾರಿ ದೇವರಿಗೂ ಇರುವ ವ್ಯತ್ಯಾಸವೇನು? ಆ ವ್ಯತ್ಯಾಸ ನಮಗೆ ಏನು ಹೇಳುತ್ತದೆ? ಉತ್ತರ ಹುಡುಕಲು ಮೊದಲು ಪೂಜೆ ಪಡೆದ ದೇವತೆಗಳ ಕಡೆ ಹೋಗಬೇಕು.

ಗ್ರೀಕರ ಹರ್ಮಿಸ್ ದಾರಿಯ ದೇವರು. ದಾರಿಬದಿಯಲ್ಲಿ ಒಟ್ಟಿದ ಕಲ್ಲಿನ ಗುಡ್ಡೆಗೆ ಗ್ರೀಕ್ ಭಾಷೆಯಲ್ಲಿದ್ದ ಹೆಸರಿನಿಂದಲೇ ಅವನ ಹೆಸರು ಬಂದಿದೆ ಎಂದು ಅನೇಕ ವಿದ್ವಾಂಸರು ಹೇಳುತ್ತಾರೆ. ಹಾದುಹೋಗುವವರು ಒಂದೊಂದು ಕಲ್ಲು ಎಸೆದು ಹೋಗುತ್ತಿದ್ದರು, ಗುಡ್ಡೆ ಬೆಳೆಯುತ್ತಿತ್ತು. ಮುಂದೆ ಗುಡ್ಡೆಯ ಜಾಗಕ್ಕೆ ಗಡ್ಡದ ಮುಖವಿದ್ದ ಚೌಕ ಕಲ್ಲುಕಂಬಗಳು ಬಂದವು. ಕವಲುದಾರಿಗಳಲ್ಲಿ, ಊರ ಗಡಿಗಳಲ್ಲಿ, ಮನೆಬಾಗಿಲುಗಳಲ್ಲಿ ಅವು ನಿಂತವು. ದಾರಿಯಲ್ಲಿ ಯಾರಿಗಾದರೂ ಬಿದ್ದ ವಸ್ತುವೊಂದು ಸಿಕ್ಕಿದರೆ ಅದನ್ನು ಹರ್ಮಿಸ್‌ನ ಕೊಡುಗೆ ಎನ್ನುತ್ತಿದ್ದರು. ಅಂದರೆ ಪ್ರಯಾಣವೂ ಅದೃಷ್ಟವೂ ಆಗಲೇ ಒಬ್ಬನ ಕೈಯಲ್ಲಿದ್ದವು. ಸತ್ತವರನ್ನು ಪಾತಾಳಕ್ಕೆ ಕರೆದೊಯ್ಯುವವನೂ ಅವನೇ. ಕೊನೆಯ ಪ್ರಯಾಣಕ್ಕೂ ಜೊತೆಗೊಬ್ಬ ಬೇಕಲ್ಲ.

ಈ ನಂಬಿಕೆ ಎಷ್ಟು ಆಳದ್ದು ಎಂಬುದು ಕ್ರಿ.ಪೂ. 415ರ ಅಥೆನ್ಸ್ ನಗರದಲ್ಲಿ ಗೊತ್ತಾಯಿತು. ಸಿಸಿಲಿಯ ಮೇಲೆ ದಂಡೆತ್ತಿ ಹೋಗಲು ದೊಡ್ಡ ನೌಕಾಪಡೆ ಸಿದ್ಧವಾಗುತ್ತಿತ್ತು. ಒಂದು ಬೆಳಿಗ್ಗೆ ಜನ ಎದ್ದು ನೋಡಿದರೆ ನಗರದ ಬಹುಪಾಲು ಹರ್ಮಿಸ್ ಕಂಬಗಳ ಮುಖಗಳನ್ನು ಯಾರೋ ರಾತ್ರೋರಾತ್ರಿ ವಿರೂಪಗೊಳಿಸಿದ್ದರು. ಇದು ಯಾನಕ್ಕೆ ಅಪಶಕುನ ಎಂದು ಊರೆಲ್ಲ ಗದ್ದಲವೆದ್ದಿತು ಎಂದು ಚರಿತ್ರೆಕಾರ ಥ್ಯುಸಿಡಿಡೀಸ್ ಬರೆಯುತ್ತಾನೆ. ತನಿಖೆ, ದೂರು, ಬಂಧನಗಳಾದವು. ಆದರೂ ಹಡಗುಗಳು ಹೊರಟವು. ಎರಡು ವರ್ಷಗಳ ನಂತರ ಸಿರಾಕ್ಯೂಸ್ ನಗರದ ಎದುರು ಸೋತ ಪಡೆ ಹಿಂದಿರುಗಲು ಅಣಿಯಾದಾಗ ಚಂದ್ರಗ್ರಹಣವಾಯಿತು. ಮೂರು ಒಂಬತ್ತು, ಅಂದರೆ 27 ದಿನ ಕಾಯಬೇಕು ಎಂದು ಕಣಿ ಹೇಳುವವರು ಸೂಚಿಸಿದರು. ಸೇನಾನಿ ನಿಕಿಯಸ್ ಒಪ್ಪಿದ. ಅಷ್ಟರಲ್ಲಿ ಹಿಂದಿರುಗುವ ದಾರಿ ಮುಚ್ಚಿಹೋಯಿತು. ಸೆರೆಸಿಕ್ಕಿದವರು ಏಳು ಸಾವಿರಕ್ಕೆ ಕಡಿಮೆಯಿಲ್ಲ. ಅವರನ್ನು ಕಲ್ಲುಗಣಿಗಳಲ್ಲಿ ಕೂಡಿಹಾಕಲಾಯಿತು. ಮನೆಗೆ ಮರಳಿದವರು ತೀರ ಕಡಿಮೆ.

ರೋಮನ್ನರಲ್ಲಿ ಪ್ರಯಾಣ ಮತ್ತು ವಿಧಿ ಇನ್ನೂ ಸ್ಪಷ್ಟವಾಗಿ ಒಂದಾದವು. ಅದೃಷ್ಟದೇವತೆ ಫಾರ್ಚುನಾಳಿಗೆ ಅವರಲ್ಲಿ ಹಲವು ರೂಪಗಳು. ಅವುಗಳಲ್ಲೊಂದು ಫಾರ್ಚುನಾ ರೆಡಕ್ಸ್, ಮರಳಿ ಕರೆತರುವ ಅದೃಷ್ಟ. ಕ್ರಿ.ಪೂ. 19ರಲ್ಲಿ ಚಕ್ರವರ್ತಿ ಅಗಸ್ಟಸ್ ಪೂರ್ವದ ಪ್ರಾಂತ್ಯಗಳಿಂದ ಹಿಂದಿರುಗಿದಾಗ ರೋಮಿನ ಸೆನೆಟ್ ಕಪೇನಾ ಬಾಗಿಲಿನ ಬಳಿ ಈ ದೇವತೆಗೆ ಬಲಿಪೀಠ ಕಟ್ಟಿಸಲು ನಿರ್ಣಯಿಸಿತು. ಆಪಿಯನ್ ಹೆದ್ದಾರಿ ನಗರವನ್ನು ಮುಟ್ಟುವುದು ಅಲ್ಲಿಯೇ. ಆಮೇಲೆ ಈ ದೇವತೆ ಚಕ್ರವರ್ತಿಯ ಸೊತ್ತಾಗಿ ಉಳಿಯಲಿಲ್ಲ. ಸಾಮ್ರಾಜ್ಯದ ದೂರದ ಪ್ರಾಂತ್ಯಗಳಲ್ಲೂ ಆಕೆಯ ಹೆಸರಿನ ಬಲಿಪೀಠಗಳು ಸಿಕ್ಕಿವೆ. ರೋಮನ್ ಶಾಸನಗಳಲ್ಲಿ ಮತ್ತೆಮತ್ತೆ ಬರುವ ಹರಕೆಯೊಂದರ ಅರ್ಥ ಇಷ್ಟೇ: ಕ್ಷೇಮವಾಗಿರಲಿ, ಮರಳಿ ಬರಲಿ.

ಹರ್ಮಿಸ್ ಮತ್ತು ಫಾರ್ಚುನಾ ರೆಡಕ್ಸ್ ಇಬ್ಬರಲ್ಲೂ ಒಂದು ಸಮಾನ ಅಂಶವಿದೆ. ಹೊರಡುವವನ ಜೊತೆಗೆ ಉಳಿಯುವವರೂ ಇವರಿಗೆ ಹರಕೆ ಹೊರುತ್ತಾರೆ. ಬಂದರಿನಲ್ಲಿ ನಿಂತ ತಾಯಿ, ಬಾಗಿಲಲ್ಲಿ ನಿಂತ ಹೆಂಡತಿ, ಸಾಲ ಕೊಟ್ಟು ಹಡಗು ಕಳಿಸಿದ ವ್ಯಾಪಾರಿ, ಎಲ್ಲರಿಗೂ ಬೇಕಾದದ್ದು ಹೋದವನು ಬರುವುದು. ದಾರಿ ದೇವತೆ ಹುಟ್ಟುವುದು ಕಾಯುವವರ ಆತಂಕದಲ್ಲಿ. ಇದನ್ನು ಕನ್ನಡದ ಓದುಗರಿಗೆ ವಿವರಿಸಿ ಹೇಳಬೇಕಾಗಿಲ್ಲ. ಮನೆಯಿಂದ ಹೊರಡುವಾಗ ಬಾಯಿತಪ್ಪಿ ‘ಹೋಗ್ತೀನಿ’ ಎಂದರೆ ಹಿರಿಯರು ಕೂಡಲೇ ತಿದ್ದುತ್ತಾರೆ: ‘ಹೋಗ್ತೀನಿ ಅನ್ಬಾರ್ದು, ಹೋಗಿ ಬರ್ತೀನಿ ಅನ್ನು.’ ಕಳಿಸಿಕೊಡುವವರೂ ‘ಹೋಗು’ ಎನ್ನುವುದಿಲ್ಲ, ‘ಹೋಗಿ ಬಾ’ ಎನ್ನುತ್ತಾರೆ. ಬರೀ ‘ಹೋಗು’ ಎನ್ನುವುದು ಮುನಿಸಿಕೊಂಡವರು, ಇಲ್ಲವೇ ಸಂಬಂಧ ಕಡಿದುಕೊಂಡವರು. ರೋಮನ್ನರು ಬಲಿಪೀಠ ಕಟ್ಟಿ ಕೇಳಿಕೊಂಡದ್ದನ್ನು ನಾವು ಒಂದು ಕ್ರಿಯಾಪದದಲ್ಲಿ ಇಟ್ಟುಕೊಂಡಿದ್ದೇವೆ.

ಡನ್ಸೇನಿಯ ರೂನ್ ಬರೀ ‘ಹೋಗು’ ಎನ್ನುವ ದೇವರು.

ಪುಸ್ತಕದ ಪ್ರಕಾರ ಸೃಷ್ಟಿಯ ಬೆಳಗಿನಲ್ಲಿ ರೂನ್ ಲೋಕಗಳೆದುರು ಕುಣಿದ. ಅಂದಿನಿಂದ ಅವು ನಿಂತಿಲ್ಲ. ನದಿಗಳನ್ನು ಬೆಟ್ಟದಿಂದ ಇಳಿಸಿ ಕಡಲಿಗೆ ಅಟ್ಟುವವನು, ಬಡಗಣ ಗಾಳಿಯ ಕಿವಿಯಲ್ಲಿ ಮಾತಾಡಿ ಅದರ ನೆಮ್ಮದಿ ಕೆಡಿಸಿದವನು ಅವನೇ. ಸಂಜೆಯ ಹೊತ್ತು ಅವನ ಹೆಜ್ಜೆ ಸಪ್ಪಳ ಮನೆಯ ಹೊರಗೆ ಕೇಳಿಸಿತೆಂದರೆ ಮುಗಿಯಿತು. ಆ ಮನೆಯವರಿಗೆ ಇನ್ನು ಒಂದೆಡೆ ನೆಲೆನಿಲ್ಲುವ ಸುಖವಿಲ್ಲ. ಮನೆಗೂ ಗೋರಿಗೂ ನಡುವೆ ಬರೀ ದಾರಿ. ಅವನನ್ನು ಒಲೆಯ ಮುಂದೆ ಕುಳಿತು ಪೂಜಿಸುವಂತಿಲ್ಲ. ಮನೆಗೆ ಒಳ್ಳೆಯದು ಮಾಡುವ ದೇವರೇ ಅವನಲ್ಲ. ದಣಿವು ಮತ್ತು ವೇಗ ಅವನಿಗೆ ಅರ್ಪಿಸುವ ನೈವೇದ್ಯ. ಬೀಡುಬಿಟ್ಟಲ್ಲಿ ಏಳುವ ಹೊಗೆಯೇ ಧೂಪ. ಅವನ ಗುಡಿ ಪೂರ್ವದ ಕಡಲಿಗೆ ಮುಖಮಾಡಿದೆ. ಅಲ್ಲಿ ಅವನು ಕಹಳೆ ಊದುವ ದೈತ್ಯನಾಗಿ ನಿಂತಿದ್ದಾನೆ. ಹೆಬ್ಬಾಗಿಲ ಮೇಲೆ ‘ಯಾರಿನಾರೆತ್’ ಎಂಬ ಪದವನ್ನು ಮೂರು ಸಲ ಕೆತ್ತಿದ್ದಾರೆ. ಆ ಕಲ್ಪಿತ ಭಾಷೆಯಲ್ಲಿ ಅದರ ಅರ್ಥ ‘ಆಚೆ’.

ಗುಡಿಯ ಶಿಲ್ಪದಿಂದ ಹಿಡಿದು ನೈವೇದ್ಯದವರೆಗೆ ಎಲ್ಲವೂ ಇದೆ. ಇಲ್ಲದಿರುವುದು ಹರಕೆ. ಕ್ಷೇಮವಾಗಿ ತಲುಪಿಸು, ಮರಳಿ ಕರೆತಾ ಎಂದು ರೂನ್‌ನನ್ನು ಯಾರೂ ಬೇಡುವುದಿಲ್ಲ, ಬೇಡಿದರೂ ಅದು ಅವನ ಇಲಾಖೆಯಲ್ಲ. ಹರ್ಮಿಸ್‌ನ ಕಂಬ ಊರ ಗಡಿಯಲ್ಲೂ ಮನೆಬಾಗಿಲಲ್ಲೂ ನಿಂತಿತ್ತು. ಹೊರಗನ್ನೂ ಒಳಗನ್ನೂ ಅದು ಜೋಡಿಸಿತ್ತು. ರೂನ್‌ನ ಗುಡಿಗಳಿರುವುದು ಕಟ್ಟಕಡೆಯ ಬೆಟ್ಟಗಳಾಚೆ.

ಇನ್ನು ವಿಧಿ. ಡೊರೊಜಾಂಡ್‌ನ ಕಣ್ಣು ಯಾರ ಮೇಲೆ ಬೀಳುತ್ತದೋ ಅವನು ಬಿಲ್ಲಿನಿಂದ ಹೊರಟ ಬಾಣ. ಗುರಿ ಬಾಣಕ್ಕೆ ಕಾಣುವುದಿಲ್ಲ. ಎತ್ತ, ಏಕೆ ಎಂದು ತಿಳಿಯದೆ ಮನುಷ್ಯ ನಡೆಯುತ್ತಾನೆ. ಹಿಂದಿನಿಂದ ಚಾಟಿ ತಾಗಿದ್ದು, ಮುಂದಿನಿಂದ ಕೂಗು ಕೇಳಿದ್ದು ಮಾತ್ರ ಅವನಿಗೆ ಗೊತ್ತು. ಡೊರೊಜಾಂಡ್‌ಗೆ ಏನೋ ಸಾಧಿಸಬೇಕಾಗಿದೆ, ಅದಕ್ಕಾಗಿಯೇ ಲೋಕದಲ್ಲಿ ಜೀವವಿದೆ. ಅದೇನು ಎಂಬುದು ಉಳಿದ ದೇವರುಗಳಿಗೂ ತಿಳಿಯದು. ಇಲ್ಲಿ ರೂನ್‌ನನ್ನು ನೆನೆಸಿಕೊಳ್ಳಿ. ಅವನೂ ಮುಂದಿನಿಂದ ಕರೆಯುವವನೇ. ದಕ್ಷಿಣದಲ್ಲಿ ಸಾಂಬಾರ ಪದಾರ್ಥಗಳ ದ್ವೀಪಗಳಿವೆ ಎಂದು ಪಿಸುಗುಟ್ಟಿ ಆಸೆ ಹುಟ್ಟಿಸುವವನು. ಆ ಕರೆ ಕೇಳಿ ಹೊರಟವನಿಗೆ ಕರೆದದ್ದು ರೂನ್ ಎಂದು ಗೊತ್ತಾಗುವುದು ಹೇಗೆ? ಅದು ಡೊರೊಜಾಂಡ್‌ನ ಕೂಗೂ ಆಗಿರಬಹುದಲ್ಲ? ಎರಡು ಅಧ್ಯಾಯಗಳನ್ನು ಅಕ್ಕಪಕ್ಕ ಇಟ್ಟರೆ ನಮ್ಮ ಆಸೆ ಮತ್ತು ನಮ್ಮ ಹಣೆಬರಹ ಒಂದೇ ದನಿಯಲ್ಲಿ ಮಾತಾಡುತ್ತವೆ. ನಾನೇ ಬಯಸಿ ಹೊರಟೆ ಎನ್ನುವವನಿಗೂ ನನ್ನನ್ನು ಅಟ್ಟಿದರು ಎನ್ನುವವನಿಗೂ ಪೆಗಾನಾದಲ್ಲಿ ದಾರಿ ಒಂದೇ.

ಸಾವಿನ ದೇವರು ಮುಂಗ್‌ನ ಪ್ರಸಂಗ ಇದನ್ನು ಇನ್ನೂ ಹರಿತವಾಗಿ ಹೇಳುತ್ತದೆ. ದಾರಿಯಲ್ಲಿ ಮುಂಗ್ ಎದುರಾದಾಗ ಒಬ್ಬ ಮನುಷ್ಯ ಗೋಳಾಡುತ್ತಾನೆ: ಬೇರೆ ದಾರಿ ಹಿಡಿದಿದ್ದರೆ ನೀನು ಸಿಗುತ್ತಿರಲಿಲ್ಲ. ಮುಂಗ್ ಕೊಡುವ ಉತ್ತರದ ತಿರುಳು ಇದು: ನೀನು ಬೇರೆ ದಾರಿ ಹಿಡಿಯುವುದು ಸಾಧ್ಯವಿದ್ದರೆ ಸೃಷ್ಟಿಯ ಏರ್ಪಾಟೇ ಬೇರೆಯಾಗಿರುತ್ತಿತ್ತು, ದೇವರುಗಳೂ ಬೇರೆಯವರಾಗಿರುತ್ತಿದ್ದರು. ಸಾವಿಗೆ ಹೆದರಿ ಹಿಡಿದ ದಾರಿಯೇ ಸಾವಿನ ಬಳಿ ಒಯ್ಯುವ ಕಥೆ ಬಹಳ ಹಳೆಯದು. 13ನೆಯ ಶತಮಾನದ ರೂಮಿಯ ಮಸ್ನವಿಯಲ್ಲಿ ಒಬ್ಬ ಮನುಷ್ಯ ಸಾವಿನ ದೇವದೂತ ತನ್ನನ್ನು ದುರುಗುಟ್ಟಿ ನೋಡಿದನೆಂದು ಬೆದರಿ ಅರಸ ಸುಲೇಮಾನನ ಬಳಿ ಓಡಿಬರುತ್ತಾನೆ. ಗಾಳಿ ತನ್ನನ್ನು ಹಿಂದೂಸ್ತಾನಕ್ಕೆ ಒಯ್ಯುವಂತೆ ಮಾಡೆಂದು ಬೇಡುತ್ತಾನೆ. ಆಮೇಲೆ ಸುಲೇಮಾನ ವಿಚಾರಿಸಿದರೆ ದೇವದೂತ ತಾನು ನೋಡಿದ್ದು ಅಚ್ಚರಿಯಿಂದ ಎನ್ನುತ್ತಾನೆ. ಆ ಮನುಷ್ಯನ ಪ್ರಾಣವನ್ನು ಹಿಂದೂಸ್ತಾನದಲ್ಲಿ ತೆಗೆಯಬೇಕೆಂದು ಅವನಿಗೆ ಆಜ್ಞೆಯಾಗಿತ್ತು! ರೂಮಿಯ ಕಥೆಯಲ್ಲಿ ಆಜ್ಞೆ ಕೊಟ್ಟವನು ಯಾರೆಂಬ ಬಗ್ಗೆ ಸಂಶಯವಿಲ್ಲ; ಅವನ ಕಡೆಗೇ ಓಡಬೇಕು ಎಂಬುದು ಕಥೆಯ ಪಾಠ. ಡನ್ಸೇನಿಯಲ್ಲಿ ಆ ಆಸರೆಯೂ ಇಲ್ಲ. ಪುಸ್ತಕದ ಮುನ್ನುಡಿಯಂಥ ಸಾಲುಗಳಲ್ಲಿ ವಿಧಿ ಮತ್ತು ಆಕಸ್ಮಿಕ ಎಂಬಿಬ್ಬರು ಆದಿಗೂ ಮೊದಲು ಈ ಆಟ ಯಾರದಾಗಬೇಕೆಂದು ಪಣ ಹಾಕುತ್ತಾರೆ. ಗೆದ್ದವನು ಮಂಜಿನಲ್ಲಿ ನಡೆದುಹೋಗಿ ಮಾನಾ-ಯೂದ್-ಸುಶಾಯಿ ಎಂಬ ಮೂಲದೇವನಿಗೆ ಹೇಳಿ ದೇವರುಗಳನ್ನು ಮಾಡಿಸುತ್ತಾನೆ. ಗೆದ್ದವನು ಯಾರು? ಯಾರಿಗೂ ತಿಳಿಯದು. ಡೊರೊಜಾಂಡ್‌ನ ಹಿಂದೆ ನಿಜವಾದ ಉದ್ದೇಶವಿದೆಯೋ, ಅವನೂ ಒಂದು ದಾಳದ ಮಗನೋ ಎಂಬ ಪ್ರಶ್ನೆಯನ್ನು ಪುಸ್ತಕ ಕೊನೆಯವರೆಗೂ ಬಿಡಿಸುವುದಿಲ್ಲ.

ಇಂಥ ದೇವರು ಹುಟ್ಟಲು ಏನು ಕಾರಣ? ಒಂದು ಕಾರಣ ಪ್ರಕಾರದಲ್ಲೇ ಇದೆ. ನೂರಾರು ವರ್ಷ ಜನ ಪೂಜಿಸಿದ ದೇವರು ಅವರ ಅಗತ್ಯಕ್ಕೆ ತಕ್ಕಂತೆ ಸವೆದು ನಯವಾಗುತ್ತಾನೆ. ಹರಕೆಗೆ ಓಗೊಡದ ದಾರಿ ದೇವರ ಗುಡಿ ಹಾಳುಬೀಳುತ್ತದೆ. ಕಲ್ಪಿತ ದೇವರಿಗೆ ಆ ಭಯವಿಲ್ಲ. ಅವನು ಯಾರಿಗೂ ಉಪಯೋಗಕ್ಕೆ ಬರಬೇಕಾಗಿಲ್ಲ, ಆದ್ದರಿಂದ ಪ್ರಯಾಣದ ಬಗ್ಗೆ ಭಕ್ತರು ಕೇಳಲು ಇಷ್ಟಪಡದ ಸತ್ಯವನ್ನು ಅವನಿಂದ ಹೇಳಿಸಬಹುದು: ಹೋದವರಲ್ಲಿ ಎಷ್ಟೋ ಮಂದಿ ಬರುವುದಿಲ್ಲ, ಬಂದವರೂ ಹೋದವರಾಗಿ ಉಳಿದಿರುವುದಿಲ್ಲ.

ಇನ್ನೊಂದು ಕಾರಣವನ್ನು ಅವನ ಕಾಲದಲ್ಲಿ ನೋಡಬಹುದು. ಡನ್ಸೇನಿ ಕೋಲ್ಡ್‌ಸ್ಟ್ರೀಮ್ ಗಾರ್ಡ್ಸ್ ಪಡೆಯ ಅಧಿಕಾರಿಯಾಗಿ ದಕ್ಷಿಣ ಆಫ್ರಿಕಾದ ಬೋಅರ್ ಯುದ್ಧಕ್ಕೆ ಹೋಗಿ ಬಂದವನು. ಅವನ ಮನೆತನದ ಕೋಟೆ ಇದ್ದದ್ದು ಐರ್ಲೆಂಡಿನ ಮೀತ್ ಕೌಂಟಿಯಲ್ಲಿ. 1841ರ ಜನಗಣತಿಯಲ್ಲಿ ಐರ್ಲೆಂಡಿನ ಜನಸಂಖ್ಯೆ 80 ಲಕ್ಷ ದಾಟಿತ್ತು. 1901ರ ಹೊತ್ತಿಗೆ ಅದು ಸುಮಾರು 45 ಲಕ್ಷಕ್ಕೆ ಇಳಿದಿತ್ತು. ಆಲೂಗಡ್ಡೆಯ ಬೆಳೆಗೆ ರೋಗ ತಗುಲಿ ಬಂದ ಮಹಾಕ್ಷಾಮ ಅನೇಕರನ್ನು ಕೊಂದಿತು, ಉಳಿದವರಲ್ಲಿ ಅನೇಕರನ್ನು ಹಡಗು ಹತ್ತಿಸಿತು. ಕ್ಷಾಮ ಮುಗಿದ ಮೇಲೂ ಹಡಗುಗಳು ನಿಲ್ಲಲಿಲ್ಲ. ಅಲ್ಲಿಯ ಹಳ್ಳಿಗಳಲ್ಲಿ ಒಂದು ಪದ್ಧತಿ ಬೆಳೆಯಿತು. ಸತ್ತವರ ಮನೆಯಲ್ಲಿ ನೆರೆಹೊರೆಯವರು ಸೇರಿ ರಾತ್ರಿ ಜಾಗರಣೆ ಮಾಡುವಂತೆ, ಮಗನೋ ಮಗಳೋ ಅಮೆರಿಕಕ್ಕೆ ಹೊರಡುವ ಹಿಂದಿನ ರಾತ್ರಿಯೂ ಸೇರಿ ಹಾಡಿ, ಕುಣಿದು, ಅಳುತ್ತಿದ್ದರು. ಅದಕ್ಕೆ ‘ಅಮೆರಿಕನ್ ವೇಕ್’ ಎಂದೇ ಹೆಸರು. ಬದುಕಿರುವವರಿಗೇ ಸೂತಕದ ಜಾಗರಣೆ, ಏಕೆಂದರೆ ಹೋದವರನ್ನು ಮತ್ತೆ ನೋಡುವ ನಂಬಿಕೆ ಯಾರಿಗೂ ಇರಲಿಲ್ಲ.

ಪೆಗಾನಾದಲ್ಲಿ ಐರ್ಲೆಂಡಿನ ಹೆಸರೇ ಬರುವುದಿಲ್ಲ. ರೂನ್ ಐರಿಷ್ ವಲಸೆಯ ರೂಪಕ ಎಂದು ನಾನು ವಾದಿಸುತ್ತಿಲ್ಲ. ಹಾಗೆ ಮಾಡಿದರೆ ಪುಸ್ತಕ ಕುಗ್ಗುತ್ತದೆ. ವಲಸೆ ಹೋಗುವ ಬಡವರ ಅನುಭವ ಜಮೀನ್ದಾರನ ಅನುಭವವೂ ಅಲ್ಲ. ಆದರೆ ಸಂಜೆ ಮನೆಯ ಹೊರಗೆ ಹೆಜ್ಜೆ ಸಪ್ಪಳ ಕೇಳಿ ಒಲೆಯನ್ನು ಬಿಟ್ಟು ಹೊರಡುವ ಚಿತ್ರ ಆ ನೆಲದಲ್ಲಿ ಕಲ್ಪನೆಗೆ ದೂರದ್ದಾಗಿರಲಿಲ್ಲ. ಅದೇ ಮನೆತನದಲ್ಲಿ ಎದುರು ದಿಕ್ಕಿಗೆ ಕೆಲಸ ಮಾಡಿದವನೂ ಇದ್ದ. ಡನ್ಸೇನಿಯ ಚಿಕ್ಕಪ್ಪ ಸರ್ ಹೊರೇಸ್ ಪ್ಲಂಕೆಟ್ ಅಮೆರಿಕದ ವಯೋಮಿಂಗ್‌ನಲ್ಲಿ ಸುಮಾರು ಹತ್ತು ವರ್ಷ ದನದ ರಾಂಚ್ ನಡೆಸಿ ಊರಿಗೆ ಮರಳಿದವನು. ಮರಳಿದ ಮೇಲೆ ಅವನು ಐರ್ಲೆಂಡಿನಲ್ಲಿ ಹಾಲಿನ ಸಹಕಾರ ಸಂಘಗಳನ್ನು ಕಟ್ಟಿದ. ಅವುಗಳನ್ನು ಒಗ್ಗೂಡಿಸಲು 1894ರಲ್ಲಿ ಕೃಷಿ ಸಂಘಟನಾ ಸಂಸ್ಥೆಯನ್ನು ಸ್ಥಾಪಿಸಿದ. ರೈತ ಊರಲ್ಲೇ ಬಾಳುವಂತಾಗಲಿ ಎಂಬುದು ಅವನ ಆಸೆ. ಚಿಕ್ಕಪ್ಪ ಒಲೆ ಆರದಂತೆ ನೋಡಿಕೊಳ್ಳಲು ಹೊರಟಿದ್ದ. ಅಣ್ಣನ ಮಗ ಒಲೆ ಬಿಡಿಸುವ ದೇವರನ್ನು ಬರೆಯುತ್ತಿದ್ದ.

ರೂನ್‌ನ ನಂತರ ಇಂಥ ದೇವರುಗಳಿಗೆ ಬರವಿಲ್ಲ. ಅಮೆರಿಕದ ಲೇಖಕಿ ಅರ್ಸುಲಾ ಲೆ ಗ್ವಿನ್ ಹನ್ನೆರಡನೆಯ ವಯಸ್ಸಿನಲ್ಲಿ ಡನ್ಸೇನಿಯ ‘ಎ ಡ್ರೀಮರ್ಸ್ ಟೇಲ್ಸ್’ ಓದಿ ಬೆರಗಾದಳು. ಪುರಾಣಗಳನ್ನು ದೊಡ್ಡವರು ಈಗಲೂ ಕಟ್ಟುತ್ತಿದ್ದಾರೆ, ಅದೂ ಬಹಿರಂಗವಾಗಿ, ಎಂಬುದು ಆಗ ಹೊಳೆಯಿತೆಂದು 1973ರ ಪ್ರಬಂಧವೊಂದರಲ್ಲಿ ಆಕೆ ನೆನೆಯುತ್ತಾಳೆ. 1974ರಲ್ಲಿ ಗ್ಯಾರಿ ಗೈಗ್ಯಾಕ್ಸ್ ಮತ್ತು ಡೇವ್ ಆರ್ನೆಸನ್ ‘ಡಂಜನ್ಸ್ ಅಂಡ್ ಡ್ರ್ಯಾಗನ್ಸ್’ ಆಟವನ್ನು ಪ್ರಕಟಿಸಿದರು. ಅದರ ಗ್ರೇಹಾಕ್ ಲೋಕದಲ್ಲಿ ದಾರಿ, ದೂರ ಮತ್ತು ದಿಗಂತಗಳಿಗೆ ಫಾರ್ಲಾಂಗನ್ ಎಂಬ ದೇವರು ಬಂದ. ಇಲ್ಲಿ ಒಂದು ತಮಾಷೆಯಿದೆ: ಆಟಗಾರ ತನ್ನ ಪಾತ್ರಕ್ಕೆ ಬೇಕಾದ ದೇವರನ್ನು ಆರಿಸಿಕೊಳ್ಳಬಹುದು, ಆದರೆ ಪಾತ್ರ ಕಮರಿ ಹಾರಿತೋ ಬಿತ್ತೋ ಎಂಬುದನ್ನು ತೀರ್ಮಾನಿಸುವುದು ಮೇಜಿನ ಮೇಲೆ ಉರುಳುವ ಇಪ್ಪತ್ತು ಮುಖದ ದಾಳ. 1983ರಲ್ಲಿ ಬಂದ ಟೆರ್ರಿ ಪ್ರಾಚೆಟ್‌ನ ‘ದಿ ಕಲರ್ ಆಫ್ ಮ್ಯಾಜಿಕ್’ ಕಾದಂಬರಿಯಲ್ಲಿ ಆ ಲೋಕದ ಮೊಟ್ಟಮೊದಲ ಪ್ರವಾಸಿಯೂ ಅವನ ಜೊತೆಗಾರನೂ ದೇವರುಗಳ ಆಟದ ಕಾಯಿಗಳು. ಎದುರುಬದುರು ಕುಳಿತವರು ವಿಧಿ ಮತ್ತು ಹೆಸರು ಹಿಡಿದು ಕರೆಯಬಾರದ ಒಬ್ಬ ಹೆಂಗಸು. ಆಕೆ ಅದೃಷ್ಟ ಎಂಬುದನ್ನು ಓದುಗ ಊಹಿಸಿಕೊಳ್ಳಬೇಕು, ಕರೆದರೆ ಹೊರಟುಹೋಗುತ್ತಾಳೆ. ಡನ್ಸೇನಿಯ ಮಂಜಿನಲ್ಲಿ ಪಣ ಹಾಕಿದ ಜೋಡಿ ಇಲ್ಲಿ ನಗುತ್ತಾ ಮತ್ತೆ ಕುಳಿತಂತಿದೆ. ಪ್ರಾಚೆಟ್ ಆ ಹೆಂಗಸಿಗೆ ಪ್ರವಾಸಿಗಳ ಪಕ್ಷವನ್ನಾದರೂ ವಹಿಸಿಕೊಟ್ಟ. ಡನ್ಸೇನಿ ತನ್ನ ದಾರಿಹೋಕರಿಗೆ ಅಷ್ಟನ್ನೂ ಕೊಡಲಿಲ್ಲ.

ಹಾಗಾದರೆ ಪೆಗಾನಾದಲ್ಲಿ ಕರುಣೆಯೇ ಇಲ್ಲವೇ? ಇದೆ, ಅದು ಇರುವುದು ಒಲೆಯ ಬಳಿ. ರೂನ್‌ನ ಅಧ್ಯಾಯದಲ್ಲೇ ಡನ್ಸೇನಿ ಮನೆಯ ಚಿಲ್ಲರೆ ದೇವರುಗಳನ್ನು ಸಾಲಾಗಿ ಕೂರಿಸಿದ್ದಾನೆ. ಬೆಕ್ಕಿನ ಮೈ ನೇವರಿಸುವ ಪಿಟ್ಸು, ನಾಯಿಯನ್ನು ಸುಮ್ಮನಾಗಿಸುವ ಹೋಬಿತ್, ಕೆಂಡಗಳ ಒಡೆಯ ಹಬಾನಿಯಾ, ಧೂಳಿನ ಒಡೆಯ ಪುಟ್ಟ ಜುಂಬಿಬೂ, ಬೆಂಕಿಯೊಳಗೆ ಕುಳಿತು ಸೌದೆಯನ್ನು ಬೂದಿಯಾಗಿಸುವ ಮುದುಕ ಗ್ರಿಬೌನ್. ಇವರು ಪೆಗಾನಾದಲ್ಲಿ ವಾಸಿಸುವವರಲ್ಲ, ರೂನ್‌ಗಿಂತ ಕೆಳಗಿನವರು. ಅವನ ದನಿ ಕೇಳಿದವರು ಬಿಟ್ಟುಹೋಗುವುದು ಇವರನ್ನೇ. ಈ ಸಾಲಿನಲ್ಲಿ ಜಾಬಿಮ್ ಎಂಬವನೂ ಇದ್ದಾನೆ, ಒಡೆದ ವಸ್ತುಗಳ ದೇವರು. ಮನೆಯ ಹಿತ್ತಲಲ್ಲಿ ಕುಳಿತು ಎಸೆದುಬಿಟ್ಟದ್ದಕ್ಕೆ ದುಃಖಿಸುತ್ತಾನೆ. ಒಮ್ಮೊಮ್ಮೆ ಹೊಳೆಯ ದಂಡೆಗೆ ಹೋಗಿ, ನೀರಿನಲ್ಲಿ ತೇಲಿಹೋಗುವ ಮರೆತ ವಸ್ತುಗಳಿಗಾಗಿ ಮರುಗುತ್ತಾನೆ. ಲೋಕಗಳು ಮುಗಿಯುವವರೆಗೆ, ಇಲ್ಲವೇ ಯಾರಾದರೂ ಬಂದು ಒಡೆದದ್ದನ್ನು ಸರಿಮಾಡುವವರೆಗೆ ಅವನು ಅಲ್ಲಿಯೇ ಇರುತ್ತಾನೆ.

ವಿದ್ವತ್ ಬರಹಗಳು ಈ ಪುಸ್ತಕವನ್ನು ಎತ್ತಿಕೊಂಡಾಗ ನಿದ್ರಿಸುವ ಮೂಲದೇವನನ್ನು, ಅವನು ಏಳದಂತೆ ನಗಾರಿ ಬಾರಿಸುವ ಸ್ಕಾರ್ಲ್‌ನನ್ನು ಹೆಚ್ಚು ಚರ್ಚಿಸುತ್ತವೆ. ನನಗೆ ಜಾಬಿಮ್ ಮುಖ್ಯನಾಗಿ ಕಾಣುತ್ತಾನೆ. ಕಾಯುವವರ ಆತಂಕವನ್ನು ರೂನ್‌ನಿಂದ ಕಿತ್ತುಹಾಕಿದ ಲೇಖಕ ಅದನ್ನು ಪೂರ್ತಿ ಬಿಸಾಡಲಾರದೆ ಹಿತ್ತಲಲ್ಲಿ ಇಟ್ಟಿದ್ದಾನೆ. ಫಾರ್ಚುನಾ ರೆಡಕ್ಸ್‌ಳ ಬಲಿಪೀಠದೆದುರು ನಿಂತವರು, ಅಮೆರಿಕಕ್ಕೆ ಹೊರಟ ಮಗಳ ಮನೆಯಲ್ಲಿ ರಾತ್ರಿಯೆಲ್ಲ ಹಾಡಿದವರು ಪೆಗಾನಾದಲ್ಲಿ ಗುಡಿ ಕಟ್ಟುವುದಾದರೆ ಅದು ಜಾಬಿಮ್‌ಗೇ ಇರಬೇಕು. ಅವನಿಗೆ ಕಹಳೆಯಿಲ್ಲ, ಚಿನ್ನದ ಅಕ್ಷರಗಳಿಲ್ಲ. ಓದಿಗೋ ಕೆಲಸಕ್ಕೋ ಊರು ಬಿಟ್ಟು ಬಂದ ನಮ್ಮಲ್ಲಿ ಬಹುಪಾಲು ಜನ ರೂನ್‌ನ ದನಿ ಕೇಳಿ ಬಂದೆವೋ ಡೊರೊಜಾಂಡ್‌ನ ಚಾಟಿ ತಾಗಿ ಬಂದೆವೋ ಹೇಳಲಾರೆವು. ಹೊರಡುವಾಗ ‘ಹೋಗಿ ಬರ್ತೀನಿ’ ಎಂದದ್ದು ಮಾತ್ರ ಹೌದು. ಆ ‘ಬರ್ತೀನಿ’ಯನ್ನು ಇನ್ನೂ ಕಾಯ್ದುಕೊಂಡು ಕುಳಿತಿರುವವರು ಹಿತ್ತಲ ಕಡೆಯ ಆ ಸಣ್ಣ ದೇವರ ಬಳಗದವರು.